ಹತ್ತು ಗಜದ ಸರಪಳಿ

ಕೆಲ್ಸೋ ಫಾಲ್ಸ್, ಅಯೋವಾ
೧೪ ನವೆಂಬರ್ ೧೯೯೭, ಶುಕ್ರವಾರ

ಪ್ರೀತಿಯ ಡೆಲ್ಮಾರ್ ಅಣ್ಣಾ,

ಈಗ ಸಂಜೆ ನಾಲ್ಕೂವರೆ. ಬೆಳಿಗ್ಗೆ ಕಾಲೇಜಿಗೆ ಹೋಗಿ ಬಂದೆ, ಮಧ್ಯಾಹ್ನ ಆಟದ ಅಳತೆ ಸರಪಳಿಯನ್ನು ಎಣ್ಣೆ ಬಟ್ಟೆಯಲ್ಲಿ ಒರೆಸಿಟ್ಟೆ. ಉಳಿದ ಹೊತ್ತೆಲ್ಲ ಈ ಕಾಗದ ಹೇಗೆ ಶುರುಮಾಡುವುದೆಂದು ಯೋಚಿಸುತ್ತ ಕೂತಿದ್ದೆ. ನಿನ್ನ ಮೊಣಕಾಲು ಹೇಗಿದೆ? ಅರಿಜೋನಾದ ಬಿಸಿಲಿಗೆ ನೋವು ಇಳಿದೀತೆಂದು ನಿನ್ನ ಮಗಳು ಜೋಲೀನ್ ಹೇಳಿದ್ದಳು. ಮಗಳ ಮನೆಯ ಊಟ ಸೇರುತ್ತಿದೆಯೇ? ಅವಳ ಕೈ ಖಾರ ಜಾಸ್ತಿ ಎಂದು ನೀನು ಮೊದಲಿನಿಂದಲೂ ಗೊಣಗುವವನು. ಶನಿವಾರ ಟಿವಿಯಲ್ಲಿ ಫುಟ್‌ಬಾಲ್ ಶುರುವಾದರೆ ನೀನು ಎದ್ದು ಹೊರಗೆ ಹೋಗಿ ನಿಲ್ಲುತ್ತೀಯಂತೆ. ಅದನ್ನು ಅವಳಿಂದ ಕೇಳಿದ ಮೇಲೆ ನನಗೆ ತುತ್ತು ಸರಿಯಾಗಿ ಇಳಿಯುತ್ತಿಲ್ಲ. ನಾನು ಫೋನ್ ಮಾಡಿದರೆ ನೀನು ಮಾತಾಡಲು ಬರುವುದಿಲ್ಲ. ಅದಕ್ಕೇ ಈ ಕಾಗದ.

ತಂಡದ ಸುದ್ದಿ ಹೇಳಿದರೆ ಬೇಸರ ಮಾಡಿಕೊಳ್ಳಬೇಡ. ಒಂಬತ್ತು ಆಟ, ಒಂಬತ್ತೂ ಸೋಲು. ಕಳೆದ ಶನಿವಾರ ನಲವತ್ತೊಂದಕ್ಕೆ ಸೊನ್ನೆ. ಕೊನೆಯವರೆಗೆ ಕೂತಿದ್ದವರಲ್ಲಿ ಬ್ಯಾಂಡಿನವರೇ ಹೆಚ್ಚು. ಅವರು ಏಳುವ ಹಾಗಿಲ್ಲ, ಪಾಪ. ಎದುರು ತಂಡದವರು ಹತ್ತು ಗಜ ದಾಟಿದಾಗೆಲ್ಲ ಸರಪಳಿ ಮುಂದೆ ಸರಿಸಿ ಸರಿಸಿ ನನ್ನ ಕೈ ಸೋತಿತು. ನಾಲ್ಕು ಯತ್ನಗಳಲ್ಲಿ ಹತ್ತು ಗಜ ಹೋಗಬೇಕು, ನಮ್ಮ ಹುಡುಗರಿಗೆ ನಾಲ್ಕು ಗಜವೂ ಗಗನಕುಸುಮ. ಎಪ್ಪತ್ತೊಂದನೇ ಅಂಗಿಯವನು, ಆ ಬಾಗಿಲಿನಷ್ಟು ಅಗಲದವನು, ಆಟ ಮುಗಿದ ಮೇಲೆ ನನ್ನ ಕಾಲ ಬುಡದಲ್ಲೇ ಕುಸಿದು, ಹೆಲ್ಮೆಟ್ಟನ್ನು ಮುಖಕ್ಕೆ ಒತ್ತಿಕೊಂಡು ಅತ್ತ. ನಾವು ಸಮಾಧಾನ ಹೇಳುವ ಹಾಗಿಲ್ಲವಲ್ಲ. ಸರಪಳಿಯ ಎರಡು ತುದಿಯ ಕೋಲುಗಳನ್ನು ನಮ್ಮ ಕೈಗೆ ಕೊಟ್ಟ ದಿನ ಅಪ್ಪ ಹೇಳಿದ್ದು ಅದನ್ನೇ: "ಗೆದ್ದೋರಿಗೆ ಚಪ್ಪಾಳೆ ಇಲ್ಲ, ಸೋತೋರಿಗೆ ಕಣ್ಣೀರಿಲ್ಲ. ಹತ್ತು ಗಜ ಅಂದ್ರೆ ಯಾರಿಗಾದ್ರೂ ಹತ್ತೇ ಗಜ." ಆದರೂ ನಾನು ಅವನ ಬೆನ್ನ ಮೇಲೆ ಕೈ ಇಟ್ಟೆ. ನೀನಿದ್ದಿದ್ದರೆ ನನ್ನ ಮೇಲೆ ಕಣ್ಣು ಬಿಡುತ್ತಿದ್ದೆ. ಕೋಚ್ ಕೆಟ್ಲರ್‌ಗೆ ಮುಂದಿನ ವರ್ಷ ಕೆಲಸವಿಲ್ಲವೆಂದು ಕಾಲೇಜು ಹೇಳಿಯಾಗಿದೆ. ಒಂದೇ ಒಂದು ಆಟ ಗೆದ್ದಿದ್ದರೆ ಉಳಿಯುತ್ತಿದ್ದನೇನೋ ಎಂದು ಜನ ಅನ್ನುತ್ತಾರೆ.

ನೀನು ಹಿಡಿಯುತ್ತಿದ್ದ ಹಿಂದಿನ ತುದಿಯ ಕೋಲನ್ನು ಈಗ ಮೇವಿನ ಗಿರಣಿಯ ರೋಲಿ ಹಿಡಿಯುತ್ತಾನೆ. ಕೆಟ್ಟವನಲ್ಲ, ಬಾಯಿ ಮಾತ್ರ ಮುಚ್ಚುವುದಿಲ್ಲ. ಮೊದಲ ದಿನವೇ ರೆಫರಿಗೆ, "ಕನ್ನಡಕ ಮನೇಲೇ ಬಿಟ್ಟು ಬಂದ್ರಾ ಸ್ವಾಮಿ?" ಎಂದ. ಅವನಿಗೆ ಕ್ಲಿಪ್ ಯಾಕೆಂದು ನಾನೇ ಹೇಳಿಕೊಟ್ಟೆ. ಸರಪಳಿಯನ್ನು ಹೊಸದಾಗಿ ಇಟ್ಟ ಕೂಡಲೇ ಹತ್ತಿರದ ಬಿಳಿ ಗೆರೆಗೆ ಸರಿಯಾಗಿ ಅದಕ್ಕೊಂದು ಕ್ಲಿಪ್ ಸಿಕ್ಕಿಸಬೇಕು, ಆಮೇಲೆ ಕೋಲು ಬಿದ್ದರೂ ಅಳತೆ ತಪ್ಪುವುದಿಲ್ಲ ಎಂದೆ. ಹೇಳುವಾಗ ನಾಲಿಗೆ ತೊದಲಿತು. ಕಾಫಿ ಅಂಗಡಿಯಲ್ಲಿ, "ಏನಪ್ಪಾ ವರ್ಲಿನ್, ಸರಪಳಿಗೆ ತುಕ್ಕು ಹಿಡೀತಾ? ನಮ್ಮೋರಿಗೆ ಅದು ಬೇಕಾಗೋದೇ ಇಲ್ವಲ್ಲ!" ಎಂದು ನಗುತ್ತಾರೆ. ನಗಲಿ. ಆದರೆ ಯಾರಾದರೊಬ್ಬರು, "ಸೆಪ್ಟೆಂಬರಲ್ಲಿ ಒಂದು ಗೆಲ್ತಿದ್ವಿ, ನಿಮ್ಮಣ್ಣ ಕೋಲು ನೆಟ್ಟಗೆ ಹಿಡಿದಿದ್ರೆ" ಎಂದಾಗ ನಾನು ಲೋಟದೊಳಗೆ ನೋಡುತ್ತ ಕೂರುತ್ತೇನೆ.

ಆ ಆಟ ನನ್ನ ಕಣ್ಣಿನಿಂದ ಹೋಗುವುದಿಲ್ಲ. ನಾವು ನಾಲ್ಕು ಅಂಕ ಮುಂದಿದ್ದೆವು, ಮೂರು ನಿಮಿಷ ಉಳಿದಿತ್ತು, ಚೆಂಡು ನಮ್ಮ ಕೈಯಲ್ಲೇ ಇತ್ತು. ಹುಡುಗರು ಮೈದಾನದ ಅಂಚಿನ ಗೆರೆ ದಾಟಿ ಬಂದು ನಿನ್ನ ಮೇಲೆ ಬಿದ್ದರು. ಕೋಲು ಒಂದು ಕಡೆ, ನೀನೊಂದು ಕಡೆ. ಎಪ್ಪತ್ತೆರಡು ವರ್ಷದ ಮೊಣಕಾಲು ಹಿಡಿದುಕೊಂಡು ಎದ್ದು ಮತ್ತೆ ಕೋಲು ನಿಲ್ಲಿಸಿದೆ. ನಾಲ್ಕನೇ ಯತ್ನ ಮುಗಿದು, ಅಳೆಯಲು ಸರಪಳಿಯನ್ನು ಮೈದಾನದೊಳಗೆ ಒಯ್ದಾಗ ಚೆಂಡು ಮುಂದಿನ ಕೋಲಿಗಿಂತ ನಾಲ್ಕು ಬೆರಳು ಹಿಂದಿತ್ತು. ಚೆಂಡು ಅವರ ಕೈಗೆ ಹೋಯಿತು, ಆಟವೂ ಹೋಯಿತು. "ಮುದುಕನ್ನ ಮನೆಗೆ ಕಳ್ಸಿ!" ಎಂದು ನಮ್ಮವರೇ ಕೂಗಿದರು. ಮೂವತ್ತೊಂದು ವರ್ಷ ನಿನ್ನ ಜೊತೆ ಚರ್ಚಿನಲ್ಲಿ ಕೂತವರು. ಗಾಡಿಯಲ್ಲಿ ನೀನು ಒಂದೇ ಮಾತು ಆಡಿದ್ದು: "ನಾ ಬಿದ್ದಾಗ ಕ್ಲಿಪ್ ಸರಿದಿರ್ಬೇಕು ಕಣೋ. ಸಾಕು, ನನ್ ಕಾಲ ಮುಗೀತು." ಹತ್ತು ದಿನದಲ್ಲಿ ಮನೆಗೆ ಬೀಗ ಹಾಕಿ ಹೊರಟುಬಿಟ್ಟೆ.

ಆಗಸ್ಟಿನಲ್ಲಿ ನನ್ನ ಆರ್ಲಿಸ್ ತೀರಿಕೊಂಡಾಗ ನೀನು ಹನ್ನೊಂದು ದಿನ ನಮ್ಮ ಸೋಫಾದ ಮೇಲೆ ಮಲಗಿದೆ. ಸಮಾಧಾನದ ಮಾತು ಒಂದೂ ಹೇಳಲಿಲ್ಲ, ಸುಮ್ಮನೆ ಪಾತ್ರೆ ತೊಳೆದೆ. ಅದಕ್ಕಿಂತ ದೊಡ್ಡದನ್ನು ನನಗೆ ಯಾರೂ ಮಾಡಿಲ್ಲ. ಅವಳ ಕೋಟು ಇನ್ನೂ ಬಾಗಿಲ ಹಿಂದೆಯೇ ಇದೆ. ಹೆಂಡತಿ ಹೋದ ಬೆನ್ನಿಗೇ ಅಣ್ಣನೂ ಹೋದರೆ ಊರು ಹೇಗಿರುತ್ತದೆಂದು ಬರೆಯಲು ನನ್ನ ಎಂಟನೇ ತರಗತಿ ಸಾಲುವುದಿಲ್ಲ. ನೀನು ವಾಪಸು ಬರಬೇಕು. ತಲೆ ತಗ್ಗಿಸಿಕೊಂಡಲ್ಲ.

ಜೋಲೀನ್‌ಗೂ ಮಕ್ಕಳಿಗೂ ನನ್ನ ನೆನಪು ಹೇಳು. ಮಲಗುವಾಗ ಮೊಣಕಾಲಿಗೆ ಬಿಸಿನೀರಿನ ಚೀಲ ಇಟ್ಟುಕೋ. ದೇವರು ನಿನ್ನನ್ನು ತಂಪಾಗಿಟ್ಟಿರಲಿ. ಅರಿಜೋನಾದಲ್ಲಿ ಅದು ಅವನಿಗೂ ಕಷ್ಟವೇ.

ನಿನ್ನ ತಮ್ಮ,
ವರ್ಲಿನ್

ಇದು ಮರೆತು ಕೊನೆಗೆ ಬರೆಯುತ್ತಿರುವುದಲ್ಲ, ಮೇಲೆ ಬರೆಯಲು ಧೈರ್ಯ ಬರಲಿಲ್ಲ. ಕ್ಲಿಪ್ ಸರಿಯಲಿಲ್ಲ ಅಣ್ಣಾ. ಕ್ಲಿಪ್ ಇರಲೇ ಇಲ್ಲ. ಸಿಕ್ಕಿಸಬೇಕಾದವನು ನಾನು. ಸರಪಳಿ ಇಟ್ಟ ಕೂಡಲೇ ತಿರುಗಿ ಪ್ರೇಕ್ಷಕರ ಮೂರನೇ ಸಾಲಿನಲ್ಲಿ ಆರ್ಲಿಸ್‌ಗಾಗಿ ಹುಡುಕಿದೆ, ಪ್ರತಿಸಲ ನೋಡುತ್ತಿದ್ದ ಹಾಗೆ. ಅವಳಿಲ್ಲವೆಂಬುದು ನೆನಪಾಗುವ ಹೊತ್ತಿಗೆ ಹುಡುಗರು ನಿನ್ನ ಮೇಲೆ ಬಿದ್ದಿದ್ದರು. ನೀನು ನೆಲದ ಮೇಲಿದ್ದಾಗ ನಾನು ಅಂದಾಜಿನಲ್ಲಿ ಸಿಕ್ಕಿಸಿದೆ. "ಕ್ಲಿಪ್ ಇದೆಯೇನೋ?" ಎಂದು ನೀನು ಕೇಳಿದೆ. ನಾನು "ಇದೆ" ಅಂದೆ. ಸರಿಯಾಗಿ ಹಾಕಿದ್ದರೆ ಚೆಂಡು ಮುಟ್ಟುತ್ತಿತ್ತೋ ಇಲ್ಲವೋ ಇನ್ನು ಯಾರಿಗೂ ಗೊತ್ತಾಗುವುದಿಲ್ಲ. ಇವತ್ತು ಬೆಳಿಗ್ಗೆ ಕೆಟ್ಲರ್‌ಗೆ ಹೇಳಿದೆ. ಅವನು, "ಎರಡು ತಿಂಗ್ಳು ಬೇಕಾಯ್ತಾ ಯಜಮಾನ್ರೇ?" ಎಂದ. ಅಲ್ಲಿಂದ ಕಾಫಿ ಅಂಗಡಿಗೆ ಹೋಗಿ, ನಿಂತುಕೊಂಡೇ, ಎಲ್ಲರೆದುರು ಹೇಳಿದೆ. ಯಾರೂ ನಗಲಿಲ್ಲ. ನಾಳೆ ಮಧ್ಯಾಹ್ನ ಒಂದು ಗಂಟೆಗೆ ಕೊನೆಯ ಆಟ. ನನ್ನದೂ ಸೇರಿ ಎರಡು ಕೋಲನ್ನೂ ಗಿರಣಿಯವರೇ ಹಿಡಿಯುತ್ತಾರೆ.