ಇನ್ನೂ ಸಿಗದವುಗಳ ಐವತ್ತು ಮನೆ

ಮನೆಯಿಂದ, ಮೇಲಿನ ಕೋಣೆ
ಭಾನುವಾರ, ಜೂನ್ ೮, ಮಧ್ಯಾಹ್ನ

ಪ್ರೀತಿಯ ಅಪ್ಪಾ,

ಹೇಗಿದ್ದೀರಿ? ಬಲಗೈ ಈಗ ಭುಜದ ಮಟ್ಟಕ್ಕೆ ಏಳುತ್ತಿದೆ ಎಂದು ಅಮ್ಮ ಫೋನಿನಲ್ಲಿ ಹೇಳಿದಳು. ಮಂಗಳವಾರ ಶರ್ಟಿನ ಗುಂಡಿಗಳನ್ನು ನೀವೇ ಹಾಕಿಕೊಂಡಿರಂತೆ. ಒಂದು ಗುಂಡಿ ಪಕ್ಕದ ಕಾಜಕ್ಕೆ ಹೋಗಿ ಕಾಲರು ಒಂದು ಕಡೆ ಕಿವಿ ಮುಟ್ಟುತ್ತಿತ್ತಂತೆ. ಸರಿಮಾಡಲು ಬಂದ ಅಮ್ಮನ ಕೈಯನ್ನು ತಳ್ಳಿ ಹಾಗೆಯೇ ವ್ಯಾಯಾಮದ ಕೋಣೆಗೆ ಹೊರಟಿರಂತೆ. ಅಮ್ಮ ಅದನ್ನು ದೂರಿನ ಹಾಗೆ ಶುರುಮಾಡಿದಳು, ಮುಗಿಸುವಾಗ ನಗುತ್ತಿದ್ದಳು. ಅವಳ ಮಂಡಿ ಹೇಗಿದೆ? ಲಿಫ್ಟ್ ಇದ್ದರೂ ಆಸ್ಪತ್ರೆಯ ಮೂರು ಮಹಡಿಯನ್ನು ಹತ್ತಿಯೇ ಬರುತ್ತಾಳೆಂದು ನನಗೆ ಗೊತ್ತು. ಗದರಿಸಿ. ಗದರಿಸಲು ಮಾತು ಬೇಕಿಲ್ಲ, ನಿಮ್ಮ ಆ ಎಡಹುಬ್ಬು ಸಾಕು. ಮೂವತ್ತು ವರ್ಷ ಹತ್ತನೇ ತರಗತಿಗೆ ರಸಾಯನಶಾಸ್ತ್ರ ಕಲಿಸುತ್ತ ಅರ್ಧ ಪಾಠವನ್ನು ಆ ಹುಬ್ಬಿನಲ್ಲೇ ನಡೆಸಿದವರು ನೀವು.

ಫೋನು ಇರುವಾಗ ಇವಳೇಕೆ ಕಾಗದ ಬರೆಯುತ್ತಾಳೆ ಎಂದುಕೊಳ್ಳಬಹುದು. ಫೋನಿನಲ್ಲಾದರೆ ನಾನು ಮಾತು ನಿಲ್ಲಿಸಿದ ಕೂಡಲೇ ನಿಮ್ಮ ಸರದಿ ಬಂದುಬಿಡುತ್ತದೆ. ಕಾಗದ ಹಾಗಲ್ಲ, ಉತ್ತರಕ್ಕೆ ಕಾಯುತ್ತ ಮುಖ ನೋಡುವುದಿಲ್ಲ. ಲಕ್ವ ಹೊಡೆದ ಮೇಲೂ ನಿಮ್ಮ ಓದು ಉಳಿದಿದೆ, ಎಣಿಕೆಯಂತೂ ಒಂದರಿಂದ ನೂರರವರೆಗೆ ನೀರು ಹರಿದ ಹಾಗೆ ಬರುತ್ತದೆ, ಹಿಂದುಮುಂದಾಗಿರುವುದು ಹೆಸರುಗಳು ಮಾತ್ರ ಎಂದು ಡಾಕ್ಟರು ಅಮ್ಮನಿಗೆ ಹೇಳಿದ್ದಾರೆ. ಅದು ನನಗೂ ಗೊತ್ತು, ನಿಮಗೂ ಗೊತ್ತು. ‘ಮಗಳು ಬರಲಾ ಅಂತ ಕೇಳ್ತಿದಾಳೆ’ ಎಂದು ಅಮ್ಮ ಕೇಳಿದಾಗಲೆಲ್ಲ ನೀವು ಬೇಡವೆಂದು ತಲೆಯಾಡಿಸುತ್ತಿರುವುದೂ ನನಗೆ ಗೊತ್ತು. ನಾನು ಅಲ್ಲಿಂದ ಬಂದು ಇವತ್ತಿಗೆ ಐದು ವಾರ. ಆ ವಿಷಯಕ್ಕೆ ಆಮೇಲೆ ಬರುತ್ತೇನೆ. ಮೊದಲು ಮನೆಯ ಸುದ್ದಿ.

ಅಡುಗೆಮನೆಯ ನಲ್ಲಿ ತೊಟ್ಟಿಕ್ಕುತ್ತಿತ್ತು. ನಿಮ್ಮ ತಗಡಿನ ಡಬ್ಬಿಯಿಂದ ವಾಷರ್ ಹುಡುಕಿ ನಾನೇ ಹಾಕಿದೆ. ಈಗ ತೊಟ್ಟಿಕ್ಕುವುದಿಲ್ಲ, ಬದಲಿಗೆ ಸಿಳ್ಳೆ ಹೊಡೆಯುತ್ತದೆ. ಪಕ್ಕದ ಮನೆಯ ಅಜ್ಜಿ ದಿನಕ್ಕೆರಡು ಸಲ ಕಾಂಪೌಂಡಿನ ಮೇಲಿಂದ ತಲೆ ಹಾಕಿ ‘ಮೇಷ್ಟ್ರು ಮಾತಾಡಿದ್ರಾ?’ ಎಂದು ಕೇಳುತ್ತಾರೆ. ‘ಆಡ್ತಾರೆ ಅಜ್ಜಿ, ಸ್ವಲ್ಪ ಸ್ವಲ್ಪ’ ಎಂದರೆ, ‘ಅಷ್ಟೇ ಸಾಕು ಬಿಡು, ನಮ್ಮನೆಯವರು ಪೂರ್ತಿ ಆಡಿ ಏನು ಉದ್ಧಾರ ಮಾಡಿದ್ರು’ ಎನ್ನುತ್ತಾರೆ. ಮೊನ್ನೆ ಬೆಳಗ್ಗೆ ಇನ್ನೊಂದು ಪ್ರಹಸನ ನಡೆಯಿತು. ಸ್ಟಾಪಿನಲ್ಲಿ ಜನ ತುಂಬಿದ್ದರು. ತಿರುವಿನಲ್ಲಿ ನೂರನಲವತ್ತನೇ ನಂಬರಿನ ಬಸ್ಸು ಕಾಣುತ್ತಲೇ ನಾನು ಬಾಯಿತಪ್ಪಿ, ಮನೆಯಲ್ಲಿ ಅನ್ನುವ ಹಾಗೆ, ‘ಉನ್‌ಕ್ವಾಡ್‌ನಿಲಿಯಂ ಬಂತು!’ ಎಂದು ಜೋರಾಗಿ ಅಂದುಬಿಟ್ಟೆ. ಚೀಲ ಹಿಡಿದ ಒಬ್ಬ ಹೆಂಗಸು ಗಾಬರಿಯಿಂದ, ‘ಅದ್ಯಾವ ಊರಮ್ಮಾ? ನಾನು ಮಾರ್ಕೆಟ್ಟಿಗೆ ಹೋಗ್ಬೇಕು, ಇದು ಅಲ್ಲಿಗೆ ಹೋಗಲ್ವಾ?’ ಎಂದು ಕೇಳಿದರು. ನಾಚಿಕೆಯಿಂದ ಆ ಬಸ್ಸನ್ನೇ ಬಿಟ್ಟು ಮುಂದಿನದಕ್ಕೆ ಹತ್ತಿದೆ. ತಪ್ಪು ನಿಮ್ಮದೇ. ಸೊನ್ನೆಗೆ ನಿಲ್, ಒಂದಕ್ಕೆ ಉನ್, ನಾಲ್ಕಕ್ಕೆ ಕ್ವಾಡ್, ಎಲ್ಲ ಜೋಡಿಸಿ ಕೊನೆಗೊಂದು ಇಯಂ ಎಂದು, ಇನ್ನೂ ಸ್ವಂತ ಹೆಸರು ಸಿಗದ ಧಾತುಗಳನ್ನು ಅಂಕಿಯಿಂದಲೇ ಕರೆಯುವ ಆ ನಿಯಮವನ್ನು ನನಗೆ ಮಗ್ಗಿಗಿಂತ ಮೊದಲು ಕಲಿಸಿದವರು ನೀವು. ತರಗತಿಯಲ್ಲಿ ಹಾಜರಿಯನ್ನೂ ಹಾಗೇ ಕೂಗುತ್ತಿದ್ದಿರಿ. ನಿಮ್ಮ ನಲವತ್ತೇಳನೇ ನಂಬರಿನ ಹುಡುಗ ಈಗ ಔಷಧಿ ಅಂಗಡಿ ಇಟ್ಟಿದ್ದಾನೆ; ಹೋದ ವಾರ ಗುರುತು ಹಿಡಿದು, ‘ಸರ್‌ಗೆ ಕ್ವಾಡ್‌ಸೆಪ್ಟಿಯಂ ಕೇಳಿದ ಅಂತ ಹೇಳಿ ಅಕ್ಕಾ’ ಎಂದ. ಹೇಳಿದ್ದೇನೆ.

ಇನ್ನು ಕೆಲಸದ ಸುದ್ದಿ, ಇದನ್ನು ನೀವು ಗಮನ ಕೊಟ್ಟು ಓದಬೇಕು. ಸಾಹಿತ್ಯ ಓದಿದವಳಿಗೆ ಶಾಲೆಗಳ ಗೋಡೆಗೆ ನೇತುಹಾಕುವ ಚಾರ್ಟು ಮಾಡುವವರ ಹತ್ತಿರ ಏನು ಕೆಲಸ ಎಂದು ನೀವು ಕೇಳಿದ್ದಿರಿ. ಕಪ್ಪೆಯ ಕಾಲಿಗೆ ‘ಹಿಂಗಾಲು’ ಎಂದೂ ಹೃದಯಕ್ಕೆ ‘ಎಡ ಹೃತ್ಕರ್ಣ’ ಎಂದೂ ಕಾಗುಣಿತ ತಪ್ಪದಂತೆ ಬರೆಯುವುದೇ ಕೆಲಸ. ಈ ತಿಂಗಳು ಬಂದದ್ದು ಆವರ್ತಕ ಕೋಷ್ಟಕ. ನೂರಹದಿನೆಂಟಕ್ಕೇ ನಿಲ್ಲಿಸದೆ, ಕೆಳಗೆ ಇನ್ನೊಂದು ಸಾಲು ಸೇರಿಸಿ, ಯಾರೂ ಇನ್ನೂ ಕಾಣದ ನೂರಹತ್ತೊಂಬತ್ತರಿಂದ ನೂರಅರವತ್ತೆಂಟರವರೆಗಿನ ಧಾತುಗಳಿಗೂ ಮನೆ ಹಾಕಬೇಕೆಂದು ಸಂಪಾದಕಿ ತೀರ್ಮಾನಿಸಿದರು. ಐವತ್ತು ಮನೆ. ಈ ಸಂಪಾದಕಿಯ ಕೈಯಲ್ಲಿ ಸದಾ ಒಂದು ಉಕ್ಕಿನ ಸ್ಕೇಲು ಇರುತ್ತದೆ, ಆದ್ದರಿಂದ ಬೆನ್ನ ಹಿಂದೆ ಎಲ್ಲರಿಗೂ ಅವರು ಸ್ಕೇಲಮ್ಮ. ‘ಮಕ್ಕಳಿಗೆ ಸಿಕ್ಕಿದ್ದನ್ನ ಎಲ್ಲರೂ ತೋರಿಸ್ತಾರೆ. ಸಿಗಬೇಕಾದ್ದನ್ನ ತೋರಿಸೋರು ಯಾರು?’ ಎಂದರು. ಐವತ್ತಕ್ಕೂ ಹೆಸರು ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ಪುಸ್ತಕ ತೆರೆಯದೆ, ಬೆರಳೂ ಮಡಿಸದೆ, ಉನುನೆನ್ನಿಯಂನಿಂದ ಉನ್‌ಹೆಕ್ಸ್‌ಆಕ್ಟಿಯಂವರೆಗೆ ಒಂದೇ ಉಸಿರಿಗೆ ಬರೆದುಕೊಟ್ಟೆ. ಪುಟ ಜೋಡಿಸುವ ಅಣ್ಣ ಕೀಲಿಮಣೆಯಿಂದ ಕೈ ತೆಗೆದು, ‘ಏನಮ್ಮಾ ಇದು, ಮಂತ್ರವಾ?’ ಎಂದ.

ಎಡವಟ್ಟಾದದ್ದು ಆಮೇಲೆ. ನಮ್ಮಲ್ಲಿ ಒಂದು ಪದ್ಧತಿ ಇದೆ: ಕರಡಿನಲ್ಲಿ ಯಾವ ಜಾಗವನ್ನೂ ಖಾಲಿ ಬಿಡುವಂತಿಲ್ಲ. ಖಾಲಿ ಕಂಡರೆ ಅಕ್ಷರ ಬಿದ್ದುಹೋಗಿದೆ ಎಂದುಕೊಂಡು ಮುದ್ರಣದವರು ಯಂತ್ರ ನಿಲ್ಲಿಸಿ ಕೂಗಾಡುತ್ತಾರೆ. ಹಾಗಾಗಿ ಗೊತ್ತಿಲ್ಲದ ಕಡೆ ಅಳತೆಗಾಗಿ ಏನಾದರೊಂದು ತುಂಬಿ, ಕೊನೆಗೆ ತೆಗೆಯುವುದು. ಪ್ರತಿ ಮನೆಯ ಕೆಳಗೆ ‘ಕಂಡುಹಿಡಿದವರು’ ಎಂದು ಒಂದು ಗೆರೆ ಇದೆ. ಸಿಗದೇ ಇರುವುದನ್ನು ಕಂಡುಹಿಡಿದವರು ಯಾರು? ಏನು ತುಂಬಲಿ ಎಂದು ಯೋಚಿಸುತ್ತ ಮೊದಲ ಮನೆಯಲ್ಲಿ ‘ಅಪ್ಪ’ ಎಂದು ಬರೆದೆ. ಚಿಕ್ಕ ಪದ, ಅಳತೆಗೆ ಸರಿಯಾಗಿ ಕೂತಿತು. ಅಣ್ಣ ಅದನ್ನೇ ಉಳಿದ ನಲವತ್ತೊಂಬತ್ತಕ್ಕೂ ಎಳೆದುಬಿಟ್ಟ. ತೆಗೆಯುವುದನ್ನು ಇಬ್ಬರೂ ಮರೆತೆವು. ಕರಡು ಹಾಗೆಯೇ ವಿಜ್ಞಾನದ ತಪ್ಪು ನೋಡಿಕೊಡುವ ನಿವೃತ್ತ ಪ್ರೊಫೆಸರರ ಮನೆಗೆ ಹೋಯಿತು. ‘ಇಲ್ಲದ ವಸ್ತುವಿಗೊಂದು ಹೆಸರು, ಆ ಹೆಸರಿಗೊಬ್ಬ ಅಪ್ಪ! ನಾನಿದಕ್ಕೆ ಸಹಿ ಹಾಕೋದಿಲ್ಲ’ ಎಂದು ಬರೆದು ಅವರು ವಾಪಸ್ಸು ಕಳಿಸಿದರು.

ಸ್ಕೇಲಮ್ಮ ನನ್ನನ್ನು ಒಳಗೆ ಕರೆದರು. ನಿಮಗೆ ಗೊತ್ತಲ್ಲ, ಅಂಗಡಿಯಲ್ಲಿ ಚಿಲ್ಲರೆ ಕೇಳಲೂ ನಾನು ಎರಡು ಸಲ ಅಭ್ಯಾಸ ಮಾಡಿಕೊಳ್ಳುವವಳು. ಅವರು ಸ್ಕೇಲಿನಿಂದ ಒಂದೊಂದೇ ಮನೆ ಮುಟ್ಟುತ್ತ, ‘ಐವತ್ತನ್ನೂ ನಿಮ್ಮಪ್ಪನೇ ಕಂಡುಹಿಡಿದ್ರಾ? ಒಂದೆರಡನ್ನ ಬೇರೆಯವರಿಗೆ ಬಿಡಬಾರದಿತ್ತಾ?’ ಎಂದರು. ಅಳು ಬರುವುದರಲ್ಲಿತ್ತು, ನಗು ಬಂದುಬಿಟ್ಟಿತು. ಆಮೇಲೆ ಎಲ್ಲ ಹೇಳಿದೆ: ಬಸ್ಸಿನ ನಂಬರು, ಹಾಜರಿ, ಆಸ್ಪತ್ರೆ. ಅವರು ಕರಡಿನ ಮೇಲೆ ಸ್ಕೇಲು ಇಟ್ಟು, ‘ನಿಮ್ಮಪ್ಪನೇ ಇದನ್ನ ನೋಡಿಕೊಡಲಿ’ ಎಂದರು. ‘ಮೇಡಂ, ಅವರಿಗೆ ಹೆಸರುಗಳು ಮರೆತುಹೋಗ್ತವೆ’ ಎಂದೆ. ‘ಈ ಹೆಸರುಗಳು ಯಾರಿಗಮ್ಮಾ ನೆನಪಿವೆ? ನನಗೆ ನೆನಪಿಟ್ಟುಕೊಳ್ಳೋರು ಬೇಡ, ಅಂಕಿ ನೋಡಿ ಕಟ್ಟೋರು ಬೇಕು.’ ಅಷ್ಟು ಹೇಳಿ ಸ್ಕೇಲಿನಿಂದ ಬಾಗಿಲು ತೋರಿಸಿದರು.

ಕರಡು ಈ ಕಾಗದದ ಜೊತೆಗಿದೆ, ಸುರುಳಿ ಸುತ್ತಿ ಕೆಂಪು ಪೆನ್ಸಿಲ್ ಇಟ್ಟಿದ್ದೇನೆ. ಸಮಾಧಾನಕ್ಕೆ ಕೊಟ್ಟ ಕೆಲಸ ಎಂದುಕೊಳ್ಳಬೇಡಿ. ಎರಡನೆಯ ಸಲ ಜೋಡಿಸುವಾಗ ಅಣ್ಣ ಅಲ್ಲಲ್ಲಿ ಏನೋ ನುಂಗಿದ್ದಾನೆ. ನಾನು ಮೂರು ಸಲ ಓದಿದೆ, ಮೂರು ಸಲವೂ ಬೇರೆ ಬೇರೆ ತಪ್ಪು ಸಿಕ್ಕಿತು. ಈಗ ಎಲ್ಲವೂ ಒಂದೇ ಥರ ಕಾಣುತ್ತಿವೆ. ಎಡಗೈಯಲ್ಲಿ ಎಳೆದ ಗೆರೆ ಡೊಂಕಾದರೂ ಪರವಾಗಿಲ್ಲ, ಪುಟ ಜೋಡಿಸುವ ಅಣ್ಣನಿಗೆ ನೆಟ್ಟಗಿನ ಗೆರೆ ಕಂಡರೇ ಅನುಮಾನ. ‘ಅಪ್ಪ’ ಎಂಬುದನ್ನು ಐವತ್ತು ಕಡೆಯೂ ತೆಗೆದಾಗಿದೆ. ಅದೊಂದನ್ನು ತೆಗೆಯುವಾಗ ಮಾತ್ರ ಸ್ವಲ್ಪ ಸಂಕಟವಾಯಿತು.

ಈಗ ನಾನು ಕೊನೆಯ ಸಲ ಆಸ್ಪತ್ರೆಗೆ ಬಂದ ಆ ಭಾನುವಾರದ ವಿಷಯ. ನಾನು ಒಳಗೆ ಬಂದಾಗ ಮಾತು ಕಲಿಸುವ ಮೇಡಂ ಚಿತ್ರದ ಕಾರ್ಡುಗಳನ್ನು ಹಿಡಿದು ನಿಮ್ಮೆದುರು ಕೂತಿದ್ದರು. ಕಪ್ಪಿಗೆ ನೀವು ‘ಕುಡಿಯೋದು’ ಅಂದಿರಿ, ಬೀಗದಕೈಗೆ ‘ತೆಗೆಯೋದು’ ಅಂದಿರಿ. ಅವರು ಪಾಪ ಒಳ್ಳೆಯ ಮನಸ್ಸಿನಿಂದಲೇ ನನ್ನ ಭುಜ ಹಿಡಿದು ಮುಂದೆ ನಿಲ್ಲಿಸಿ, ‘ಯಾರು ಬಂದಿದಾರೆ, ಹೇಳಿ ನೋಡೋಣ?’ ಎಂದರು. ನಾನೂ ಒಂದು ಕಾರ್ಡಾದೆ. ನೀವು ‘ಇವಳು… ನಮ್ಮ… ಇವಳು’ ಎಂದಿರಿ. ಮತ್ತೊಮ್ಮೆ ಅಂದಿರಿ. ಆಮೇಲೆ ಗೋಡೆಯ ಕಡೆ ತಿರುಗಿ ಮಲಗಿದಿರಿ. ನಾನು ಬಸ್ಸಿಗೆ ಹೊತ್ತಾಯಿತು ಎಂದು ಹೊರಟೆ. ಹೊತ್ತೇನೂ ಆಗಿರಲಿಲ್ಲ ಅಪ್ಪಾ, ಬಸ್ಸಿಗೆ ಇನ್ನೂ ಎರಡು ಗಂಟೆ ಇತ್ತು. ನಿಲ್ದಾಣದ ಬೆಂಚಿನ ಮೇಲೆ ಕೂತು ಅತ್ತೆ. ಕಾಯಿಲೆಯ ಮೇಲೆ ಸಿಟ್ಟು ಬರಬೇಕಿತ್ತು, ನನಗೆ ಬಂದದ್ದು ನಿಮ್ಮ ಮೇಲೆ. ಕಲಿಸಿದ ಪ್ರತಿ ಮಗುವಿನ ಹೆಸರು ನೆನಪಿಟ್ಟವರು ನನ್ನದನ್ನು ಹೇಗೆ ಬಿಟ್ಟಿರಿ ಎಂದು. ಬಾಗಿಲಿನಿಂದ ಹೊರಡುವಾಗ ನನ್ನ ಮುಖ ನಿಮಗೆ ಕಂಡಿತ್ತು, ಅದಕ್ಕೇ ನೀವು ಬೇಡ ಅನ್ನುತ್ತಿದ್ದೀರಿ. ತಪ್ಪು ನನ್ನದು. ಅದನ್ನು ಹೇಳಲು ಐದು ವಾರ ಹಿಡಿಯಿತು.

ಅಮ್ಮನಿಗೆ ಇದನ್ನು ಫೋನಿನಲ್ಲಿ ಹೇಳಿದಾಗ ಅವಳು ಬೈಯಲಿಲ್ಲ. ‘ನಿನಗೆ ಐದು ತಿಂಗಳು ಹೆಸರೇ ಇರಲಿಲ್ಲ, ಗೊತ್ತೇನೇ?’ ಎಂದಳು. ನನಗೆ ಗೊತ್ತಿರಲಿಲ್ಲ. ನಮ್ಮ ಅಜ್ಜಿ ಒಂದು ಹೆಸರು ಹಿಡಿದು ಕೂತರಂತೆ, ಅತ್ತೆ ಇನ್ನೊಂದು. ಇಬ್ಬರೂ ಮಾತು ಬಿಟ್ಟರಂತೆ. ಜನನ ಪತ್ರದ ಅರ್ಜಿ ಕಪಾಟಿನ ಮೇಲೆ ಧೂಳು ಹಿಡಿಯಿತಂತೆ. ನೀವು ಮಾತ್ರ ‘ಹೆಸರು ಬರೋವಾಗ ಬರುತ್ತೆ, ಮಗು ಬಂದಾಯ್ತಲ್ಲ’ ಎಂದು, ನನ್ನನ್ನು ಉನುನುನಿಯಂ ಎಂದು ಕರೆಯುತ್ತ ಹೆಗಲ ಮೇಲೆ ಹಾಕಿಕೊಂಡು ಓಡಾಡುತ್ತಿದ್ದಿರಂತೆ. ಆಗ ನೂರಹನ್ನೊಂದನೆಯ ಧಾತು ಸಿಕ್ಕಿ ವರ್ಷಗಳಾಗಿದ್ದರೂ ಅದಕ್ಕೂ ಸ್ವಂತ ಹೆಸರು ಬಂದಿರಲಿಲ್ಲವಂತೆ. ಐದು ತಿಂಗಳು ನಾನು ಆ ಉದ್ದದ ಸದ್ದಿಗೇ ತಿರುಗಿ ನೋಡುತ್ತಿದ್ದೆನಂತೆ, ಅದಕ್ಕೇ ನಗುತ್ತಿದ್ದೆನಂತೆ. ಅಂದರೆ ಅಪ್ಪಾ, ಹೆಸರಿಲ್ಲದೆ ನನ್ನನ್ನು ಸಾಕುವುದು ನಿಮಗೆ ಹೊಸದಲ್ಲ. ಆಗ ನನಗೂ ಮಾತು ಬರುತ್ತಿರಲಿಲ್ಲ. ನೀವು ಅದಕ್ಕೆ ನನ್ನ ಮೇಲೆ ಬೇಜಾರು ಮಾಡಿಕೊಳ್ಳಲಿಲ್ಲ.

ಔಷಧಿ ಹೊತ್ತಿಗೆ ಸರಿಯಾಗಿ ತೆಗೆದುಕೊಳ್ಳಿ. ಅಮ್ಮನನ್ನು ಲಿಫ್ಟಿನಲ್ಲಿ ಓಡಾಡಿಸಿ. ಪಕ್ಕದ ಅಜ್ಜಿ ನಿಮಗೆ ಆಶೀರ್ವಾದವನ್ನೂ, ಅಮ್ಮನಿಗೆ ಸಹಾನುಭೂತಿಯನ್ನೂ ಕಳಿಸಿದ್ದಾರೆ. ನಿಮ್ಮಿಬ್ಬರಿಗೂ ನನ್ನ ನಮಸ್ಕಾರ, ಅಮ್ಮನಿಗೆ ಒಂದು ಮುತ್ತು ಹೆಚ್ಚಿಗೆ.

ಇಂತಿ ನಿಮ್ಮ ಪ್ರೀತಿಯ
ಮಗಳು

ಮರೆತಿದ್ದೆ: ಚಾರ್ಟು ಸೋಮವಾರ, ಹದಿನಾರನೇ ತಾರೀಕು ಅಚ್ಚಿಗೆ ಹೋಗುತ್ತದೆ, ಕರಡು ವಾಪಸ್ಸು ಬರಲು ಅಂಚೆಯನ್ನು ನಂಬುವಂತಿಲ್ಲ. ಹಾಗಾಗಿ ಶನಿವಾರ ಹನ್ನೊಂದರ ಬಸ್ಸಿಗೆ ನಾನೇ ಬರುತ್ತೇನೆ. ನೀವು ತಲೆಯಾಡಿಸಿದರೂ ಬರುತ್ತೇನೆ, ಟಿಕೆಟ್ ತೆಗೆದಾಗಿದೆ. ‘ಯಾರು ಬಂದಿದಾರೆ’ ಎಂದು ಕೇಳಬೇಡಿ ಅಂತ ಆ ಮೇಡಂಗೆ ಫೋನು ಮಾಡಿ ಹೇಳಿದ್ದೇನೆ, ಹೌದು, ನಾನೇ ಮಾಡಿದೆ, ಎರಡು ಸಲ ಅಭ್ಯಾಸ ಮಾಡಿಕೊಂಡು. ಕರಡು ಮುಗಿಯದಿದ್ದರೆ ಪಕ್ಕದಲ್ಲಿ ಕೂತು ನೋಡೋಣ, ನೀವು ಅಂಕಿ ಹೇಳಿ, ನಾನು ಬರೆಯುತ್ತೇನೆ. ನನ್ನನ್ನು ಏನೆಂದೂ ಕರೆಯಬೇಕಾಗಿಲ್ಲ. ಬಾಗಿಲ ಕಡೆ ತಿರುಗಿ ನೋಡಿ, ಅಷ್ಟು ಸಾಕು. ನಾನು ‘ಓ’ ಅನ್ನುತ್ತೇನೆ.