ಮುಂಬ್ರಾ ಗುಡ್ಡದಲ್ಲಿ ಬೊಂಡದ ಸಿಪ್ಪೆ

ಮಾವ,

ಆಸ್ಪತ್ರೆಯ ಮಂಚದಲ್ಲಿ ಮಲಗಿ ನೀವು ಕೇಳಿದ ಪ್ರಶ್ನೆಗೆ ಉತ್ತರ ತಂದಿದ್ದೇನೆ. ತಡವಾಯಿತು. ಹೋಟೆಲಿನಲ್ಲಿ ಇಡ್ಲಿ ಸ್ವಲ್ಪ ತಡವಾದರೂ ಅಡುಗೆಮನೆಗೆ ನುಗ್ಗಿ ನಿಲ್ಲುತ್ತಿದ್ದವರು ನೀವು. ಸೊಸೆಯ ಉತ್ತರಕ್ಕೆ ಮಾತ್ರ ಒಂದು ಮಳೆಗಾಲ, ಒಂದು ಬೇಸಿಗೆ, ಮತ್ತೊಂದು ಮಳೆಗಾಲ ಕಾಯಬೇಕಾಯಿತು. ನಿಮ್ಮ ಮಗ ಸುಧೀರನಿಗೆ ಈ ಪತ್ರದ ವಿಷಯ ಹೇಳಿಲ್ಲ. ಹೇಳಿದರೆ ಕನ್ನಡಕ ತೆಗೆದು ಒರೆಸುತ್ತಾ ಕೂರುತ್ತಾನೆ, ನನಗೆ ಅದನ್ನು ನೋಡಲಾಗುವುದಿಲ್ಲ.

ಗುಡ್ಡ ಹತ್ತಿದ ಮೊದಲ ಭಾನುವಾರ ನೆನಪಿದೆಯಾ? ಡೊಂಬಿವಲಿಯ ಹೋಟೆಲನ್ನು ಮಗನಿಗೆ ಬಿಟ್ಟುಕೊಟ್ಟು ಮನೆಯಲ್ಲಿ ಕೂತ ನೀವು, ಕೂರಲಾಗದೆ ನನ್ನ ಅಡುಗೆಮನೆಯ ಡಬ್ಬಗಳನ್ನು ಎತ್ತರದ ಪ್ರಕಾರ ಜೋಡಿಸಲು ಶುರುಮಾಡಿದ್ದಿರಿ. ಸಾಸಿವೆ ಹುಡುಕಿ ಹುಡುಕಿ ನನಗೆ ತಲೆ ಕೆಟ್ಟಿತ್ತು. ಅದಕ್ಕೇ, ನಮ್ಮ ಹೌಸಿಂಗ್ ಸೊಸೈಟಿಯ ರಿಟೈರ್ಡ್ ಟೀಚರ್ ಜೋಶಿ ಮೇಡಂ ಮುಂಬ್ರಾ ಗುಡ್ಡದಲ್ಲಿ ಗಿಡ ನೆಡುವ ತಮ್ಮ ಗುಂಪಿಗೆ ನಿಮ್ಮನ್ನು ಕರೆದಾಗ ನಿಮಗಿಂತ ಹೆಚ್ಚು ಖುಷಿಪಟ್ಟವಳು ನಾನು. ಖುಷಿ ಒಂದು ದಿನವೂ ಉಳಿಯಲಿಲ್ಲ. ನಿಮ್ಮ ಮೊಣಕಾಲಿಗೆ ಕಾವಲು ಅಂತ ಸುಧೀರ ನನ್ನನ್ನೂ ಹೊರಡಿಸಿದ.

"ಮೊಣಕಾಲ್ ನೋವು ಅಂತೀರಿ, ಗುಡ್ಡಾ ಹತ್ತೂದು ಮಾತ್ರ ಬಿಡಂಗಿಲ್ಲ," ಅಂದೆ. ವಿಠ್ಠಲವಾಡಿಯಲ್ಲಿ ಹುಟ್ಟಿದರೂ ನನ್ನ ನಾಲಿಗೆ ಅಪ್ಪ ಅವ್ವನ ವಿಜಯಪುರದ್ದೇ. ನೀವು ಉಡುಪಿಯ ನಾಲಿಗೆಯಲ್ಲಿ ಉತ್ತರ ಕೊಟ್ಟಿರಿ, "ನೋವು ಇಳಿವಾಗ ಮಾತ್ರ ಮಾರಾಯ್ತಿ. ಹತ್ತುವಾಗ ಎಂತ ಇಲ್ಲ."

ಅಲ್ಲಿ ಬಿದಿರು ಗಳಗಳನ್ನು 'ಎ' ಅಕ್ಷರದ ಹಾಗೆ ಕಟ್ಟಿ, ನಡುವೆ ದಾರದಲ್ಲಿ ಕಲ್ಲು ತೂಗುಬಿಟ್ಟು, ಇಳಿಜಾರಿನಲ್ಲಿ ಸಮಮಟ್ಟ ಹಿಡಿಯುವುದನ್ನು ಕಲಿಸಿದರು. ಆ ಗೆರೆ ಹಿಡಿದು ಚರಂಡಿ ತೋಡಿದರೆ ಮಳೆನೀರು ಕೆಳಗಿನ ಖಾಡಿಯ ಹಿನ್ನೀರಿಗೆ ಓಡಿಹೋಗದೆ ಗುಡ್ಡದಲ್ಲೇ ಇಂಗುತ್ತದೆ. ನೀವು ಬಹಳ ಹೊತ್ತು ಆ ಕಲ್ಲನ್ನೇ ನೋಡುತ್ತಾ ನಿಂತಿರಿ. ಮುಂದಿನ ವಾರ ಹೋಟೆಲಿನ ಹಳೇ ತಕ್ಕಡಿಯಿಂದ ಅರ್ಧ ಕಿಲೋ ಬಟ್ಟು ತಂದು ಕಲ್ಲಿನ ಜಾಗದಲ್ಲಿ ಕಟ್ಟಿದಿರಿ. "ಗಾಳಿ ಬಂದ್ರೆ ಕಲ್ಲು ಸುಳ್ಳು ಹೇಳ್ತದೆ. ಇದು ಹೇಳುದಿಲ್ಲ," ಅಂತ ಸಮಜಾಯಿಷಿ ಬೇರೆ. ಅವತ್ತೇ ನನಗೆ ಗೊತ್ತಾಯಿತು, ಇನ್ನು ನನ್ನ ಡಬ್ಬಗಳಿಗೆ ಬಿಡುಗಡೆ ಅಂತ.

ಬೊಂಡದ ಸಿಪ್ಪೆ ಬಂದದ್ದು ಆಮೇಲೆ. ಊರಿನ ತೆಂಗಿನ ಬುಡಕ್ಕೆ ಸಿಪ್ಪೆ ಹೂಳುತ್ತಿದ್ದ ನಿಮ್ಮ ಅಮ್ಮನ ನೆನಪಾಗಿ, ಸ್ಟೇಷನ್ ಹೊರಗಿನ ಎಳನೀರಿನವನ ಹತ್ತಿರ ಕುಡಿದೆಸೆದ ಬೊಂಡಗಳನ್ನು ಕೇಳಿದಿರಿ. ಅವನಿಗೆ ಕಸ ಹೋಯಿತು ಅಂತ ಸಂತೋಷ. ಒಂದೊಂದನ್ನೂ ಎರಡು ಹೋಳು ಮಾಡಿ ಮೈದಾ ಚೀಲಕ್ಕೆ ತುಂಬಿ ಲೋಕಲ್ ರೈಲಿನ ಲಗೇಜ್ ಡಬ್ಬಿಗೆ ಹತ್ತಿಸಿದೆವು. ತರಕಾರಿ ಬುಟ್ಟಿಯ ಹೆಂಗಸೊಬ್ಬಳು ಚೀಲದೊಳಗೆ ಇಣುಕಿ, "ಅಣ್ಣಾ, ರಿಕಾಮೆ ನಾರಳ ಕುಠೆ ನೇತಾಯ್?" ಅಂದಳು. ಖಾಲಿ ಕಾಯಿ ಎಲ್ಲಿಗೆ ಒಯ್ಯುತ್ತೀರಿ ಅಂತ. ನೀವು ನಗದೆಯೇ, "ಝಾಡಾಂಚ್ಯಾ ಹಾಟೇಲಾತ್," ಅಂದಿರಿ. ಮರಗಳ ಹೋಟೆಲಿಗೆ. ಡಬ್ಬಿಯಿಡೀ ನಕ್ಕಿತು. ನಾನೂ ನಕ್ಕೆ, ಸ್ವಲ್ಪ ನಾಚಿಕೆಯಿಂದ.

ಆ ಮಳೆಗಾಲ ಎಡಗಡೆಯ ಇಳಿಜಾರಿನ ಪ್ರತಿ ಗುಂಡಿಯ ತಳಕ್ಕೂ ಸಿಪ್ಪೆಯನ್ನು ಬಟ್ಟಲಿನ ಹಾಗೆ ಬಾಯಿ ಮೇಲೆ ಮಾಡಿ ಜೋಡಿಸಿ, ಮಣ್ಣು ಮುಚ್ಚಿ, ಮೇಲೆ ಮುತ್ತುಗ, ಮತ್ತಿ, ಕಗ್ಗಲಿ ನೆಟ್ಟೆವು. "ನೀರು ಕುಡಿಸುದು ದೊಡ್ಡದಲ್ಲ, ನೀರು ಹಿಡಿಸುದು ದೊಡ್ಡದು," ಅಂತ ನೀವು ಎಲ್ಲರಿಗೂ ಪಾಠ ಮಾಡಿದಿರಿ. ಮರುವರ್ಷ ಬಲಗಡೆ ಬಂದಾಗ ಬರೀ ಕರಿಕಲ್ಲು. ಹಾರೆ ಹೊಡೆದರೆ ಕಿಡಿ ಹಾರುತ್ತಿತ್ತು, ಬಾಡಿಗೆಗೆ ತಂದ ಗುಂಡಿ ಕೊರೆಯುವ ಮಷಿನ್ ಕಲ್ಲಿಗೆ ತಾಗಿ ಕೈಯನ್ನೇ ತಿರುಚುತ್ತಿತ್ತು. ಗುಂಡಿ ಗಿಡಕ್ಕೇ ಸಾಲದು, ಸಿಪ್ಪೆಗೆ ಎಲ್ಲಿ ಜಾಗ? ಸಿಪ್ಪೆಯನ್ನು ಬುಡದ ಸುತ್ತ ಮೇಲೆಯೇ ಹರಡೋಣ ಅಂದಿರಿ. ನಿಮ್ಮ ಊರಿನಲ್ಲಿ ಹಾಗೂ ಮಾಡುತ್ತಾರೆ, ಅಲ್ಲಿನ ನೆಲ ಒಣಗುವುದೇ ಅಪರೂಪ. ಮುಂಬ್ರಾದ ಹುಲ್ಲು ದೀಪಾವಳಿ ಕಳೆದರೆ ಕಾಗದವಾಗುತ್ತದೆ ಅನ್ನುವುದು ನಮಗೆಲ್ಲ ಗೊತ್ತಿತ್ತು; ಗೊತ್ತಿದ್ದೂ ಸಿಪ್ಪೆಯ ಜೊತೆ ಸೇರಿಸಿ ಯಾರೂ ಯೋಚಿಸಲಿಲ್ಲ.

ಹೋಳಿ ಹಬ್ಬಕ್ಕೆ ಮುಂಚೆ ಬೆಂಕಿ ಬಿತ್ತು. ಬೀಡಿಯೋ, ಹೊಸ ಹುಲ್ಲು ಬರಲಿ ಅಂತ ಯಾರಾದರೂ ಹಚ್ಚಿದ್ದೋ, ಯಾರಿಗೆ ಗೊತ್ತು? ನಾವು ಹುಲ್ಲು ಕೊಯ್ದು ಬೋಳು ಪಟ್ಟಿ ಬಿಟ್ಟಿದ್ದೆವು, ಖಾಡಿಯ ಗಾಳಿಗೆ ಕಿಡಿ ಅದನ್ನೂ ದಾಟಿತು. ಮರುದಿನ ಹೋದಾಗ ಹುಲ್ಲು ಉರಿದು ತಣ್ಣಗಾಗಿತ್ತು. ಬಲಗಡೆ ಮಾತ್ರ ಪ್ರತಿ ಗಿಡದ ಬುಡದಲ್ಲೂ ಸಿಪ್ಪೆ ಇನ್ನೂ ಕೆಂಪಗೆ ಹೊಗೆಯಾಡುತ್ತಿತ್ತು. ನೀವು ಕೋಲಿನಿಂದ ಒಂದೊಂದನ್ನೇ ದೂರ ತಳ್ಳುತ್ತಾ ಹೋದಿರಿ. ಜೋಶಿ ಮೇಡಂ ಇನ್ನೊಂದು ಕೋಲು ಹಿಡಿದು ನಿಮ್ಮ ಜೊತೆ ತಳ್ಳತೊಡಗಿದರು. ಅವರು ಬೈದಿದ್ದರೇ ಚೆನ್ನಾಗಿತ್ತೇನೋ... "ಎಲ್ಲದರ ಬುಡಕ್ಕೂ ನಾನೇ ಒಲೆ ಹೂಡಿದೆನಲ್ಲ," ಅಂತ ಇಳಿಯುವಾಗ ಒಂದು ಸಲ ಹೇಳಿದಿರಿ. ಆಮೇಲೆ ಗುಡ್ಡದ ಹೆಸರೆತ್ತಲಿಲ್ಲ. ಭಾನುವಾರ ಬೆಳಿಗ್ಗೆ ಮತ್ತೆ ಡಬ್ಬ ಜೋಡಿಸತೊಡಗಿದಿರಿ, ನಾನು ಬೇಡ ಅನ್ನಲಿಲ್ಲ.

ಮೇ ತಿಂಗಳಲ್ಲಿ ಎದೆನೋವು ಅಂತ ನಿಮ್ಮನ್ನು ಆಸ್ಪತ್ರೆಗೆ ಸೇರಿಸಿದೆವು. ಸುಧೀರ ಔಷಧಿ ತರಲು ಹೋದಾಗ ನೀವು ನನ್ನ ಕಡೆ ತಿರುಗಿ, "ಭಾರತೀ, ಅಲ್ಲಿ ಎಂತಾದ್ರೂ ಉಳಿದಿದೆಯಾ?" ಅಂತ ಕೇಳಿದಿರಿ. ಎಲ್ಲಿ ಅಂತ ನಾನು ಕೇಳಬೇಕಾಗಿರಲಿಲ್ಲ. ಉಳಿದಿದೆಯೋ ಇಲ್ಲವೋ ನನಗೂ ಗೊತ್ತಿರಲಿಲ್ಲ. "ಮಳಿ ಬರ್ಲಿ ಮಾವ, ಹೋಗಿ ನೋಡೂಣು," ಅಂದೆ. ಮಳೆ ಬರುವ ಮೊದಲೇ ನೀವು ಹೊರಟುಹೋದಿರಿ. ಅಷ್ಟೂ ಗಿಡಗಳನ್ನು ಕೊಂದೆ ಅಂದುಕೊಂಡೇ ಹೋದಿರಿ ಅನ್ನುವುದು ನನಗೆ ಸಂಕಟದ ವಿಷಯ, ಇವತ್ತಿಗೂ.

ಮಳೆ ಹಿಡಿದ ಮೇಲೆ ಒಬ್ಬಳೇ ಹತ್ತಿದೆ. ನಿಮಗೆ ಸುಳ್ಳು ಹೇಳುವುದಿಲ್ಲ: ಬಲಗಡೆ ಏನೂ ಉಳಿದಿರಲಿಲ್ಲ. ಎಡಗಡೆಯ ಕಾಂಡಗಳೂ ಕಪ್ಪಾಗಿ ಮುರಿದಿದ್ದವು. ವಾಪಸು ಹೊರಟವಳು ಬೂಟಿಗೆ ಅಂಟಿದ ಮಣ್ಣು ಕೆರೆಯಲು ಬಗ್ಗಿದೆ ನೋಡಿ, ಸುಟ್ಟ ಕಡ್ಡಿಯ ಪಕ್ಕದಲ್ಲಿ ನೆಲದಿಂದಲೇ ಮುತ್ತುಗದ ಮೂರೆಲೆ ಎದ್ದಿತ್ತು. ಅದರಾಚೆ ಮತ್ತಿ. ಅದರ ಮೇಲಿನ ಸಾಲಿನಲ್ಲಿ ಕಗ್ಗಲಿ. ಎಲ್ಲವೂ ಅಲ್ಲ, ಆದರೆ ಬಹಳಷ್ಟು. ಅಂಥದೊಂದು ಗುಂಡಿಯ ಪಕ್ಕ ಖುರ್ಪಿಯಲ್ಲಿ ಕೆದಕಿದೆ. ನಿಮ್ಮ ಸಿಪ್ಪೆ ಒದ್ದೆಯಾಗಿ, ಮೆತ್ತಗೆ, ಬೆಂಕಿಯ ಸುದ್ದಿಯೇ ಗೊತ್ತಿಲ್ಲದಂತೆ ಕೂತಿತ್ತು. ಬೇರು ಅದರ ನಾರಿನೊಳಗೆ ನುಗ್ಗಿತ್ತು. ಹುಲ್ಲಿನ ಬೆಂಕಿ ಮೇಲೆ ಓಡಿ ಮುಗಿದಿತ್ತು, ಕೆಳಗೆ ತೇವ ಹಾಗೇ ಇತ್ತು. ಅಲ್ಲೇ ಕೂತು ಅತ್ತುಬಿಟ್ಟೆ, ಮಾವ. ನೀವು ಇನ್ನೂ ಸ್ವಲ್ಪ ದಿನ ಇರಬಾರದಿತ್ತೇ?

ಜೋಶಿ ಮೇಡಂ ಬಂದು ನೋಡಿದರು, ಮುಟ್ಟಿ ನೋಡಿದರು, ಆ ಮಳೆಗಾಲದಲ್ಲೇ ಬಲಗಡೆಯನ್ನು ಮತ್ತೆ ತೋಡಿಸಿದರು. ಈ ಸಲ ಕಲ್ಲು ಸಿಕ್ಕಲ್ಲಿ ಬಿಟ್ಟು, ಮಣ್ಣು ಸಿಕ್ಕಲ್ಲಿ ಆಳಕ್ಕೆ. ಸಿಪ್ಪೆ ಕೆಳಗೆ, ಅದರ ಮೇಲೆ ಗೇಣುದ್ದ ಮಣ್ಣು, ಬುಡದ ಸುತ್ತ ಒಂದು ಒಣ ಎಲೆಯೂ ಇರಬಾರದು ಅಂತ ಕಟ್ಟುನಿಟ್ಟು. ಈ ಬೇಸಿಗೆಯಲ್ಲಿ ಮತ್ತೆ ಬೆಂಕಿ ಬಂತು. ನನ್ನ ಜೀವ ಬಾಯಿಗೆ ಬಂದಿತ್ತು. ಮಳೆ ಬಿದ್ದ ಮೇಲೆ ಎರಡೂ ಕಡೆ ಚಿಗುರಿದೆ. ಎಡಗಡೆಯ ಒಂದು ಕಗ್ಗಲಿಯಲ್ಲಿ ಪಿಕಳಾರ ಗೂಡು ಕಟ್ಟಿದೆ. ನಾನು ಹತ್ತಿರ ಹೋದರೆ ಬೈಯುತ್ತದೆ, ನೀವು ಅಡುಗೆಯವರಿಗೆ ಬೈಯುತ್ತಿದ್ದಷ್ಟೇ ಜೋರಾಗಿ.

ಹೋದ ಭಾನುವಾರ ಬೇಲಾಪುರದ ಕಡೆಯ ಒಂದು ಗುಡ್ಡಕ್ಕೆ ಹೋಗಿದ್ದೆವು, ಬೇರೊಂದು ಗುಂಪಿಗೆ ಸಹಾಯಕ್ಕೆ. ಗುಂಡಿ ತೋಡಲು ಕಲಬುರಗಿ ಕಡೆಯ ಕೂಲಿಯವರು ಬಂದಿದ್ದರು. ಒಬ್ಬ ಸಸಿ ಎತ್ತಿ ಇಡುವುದರೊಳಗೆ ಇನ್ನೊಬ್ಬ ಮೇಲಿನಿಂದ ಕೂಗಿ ಕೇಳಿದ, "ಏ, ಅಣ್ಣಾ ಹಾಕೀಯೇನ್ ಕೆಳಗ?"

"ಹಾಕೀನಿ, ಹಾಕೀನಿ. ಮಣ್ಣೂ ಮುಚ್ಚೀನಿ."

ನಾನು ನಿಂತಲ್ಲೇ ನಿಂತೆ. "ಅಣ್ಣಾ ಅಂದ್ರ ಯಾರ್ರೀ?" ಅಂತ ಕೇಳಿದೆ.

"ಯಾರಿಲ್ರೀ ಅಕ್ಕಾರ, ಈ ಎಳನೀರಿನ ಸಿಪ್ಪಿಗೇ ಇಲ್ಲಿ ಅಣ್ಣಾ ಅಂತಾರ. ಯಾಕಂತ ಗೊತ್ತಿಲ್ರಿ. ಇದನ್ನ ಕೆಳಗ ಹಾಕಿದ್ರ ಬೆಂಕಿ ಬಂದ್ರೂ ಗಿಡಾ ಮತ್ತ ಚಿಗೀತದಂತ."

ನಿಮ್ಮನ್ನು ಅಣ್ಣಾ ಅನ್ನುತ್ತಿದ್ದ ನಮ್ಮ ಗುಂಪಿನಲ್ಲಿ ಸಿಪ್ಪೆ ಹಾಕಿದ ಗುಂಡಿಗೆ "ಅಣ್ಣಾಂಚಾ ಖಡ್ಡಾ", ಅಣ್ಣನ ಗುಂಡಿ, ಅನ್ನುತ್ತಿದ್ದದ್ದು ನನಗೆ ಗೊತ್ತಿತ್ತು. ಅದು ಗುಡ್ಡ ದಾಟಿ, ಗುಂಡಿಯನ್ನು ಬಿಟ್ಟು, ಬರೀ ಅಣ್ಣನಾಗಿ ಬೇಲಾಪುರಕ್ಕೆ ಬಂದದ್ದು ಗೊತ್ತಿರಲಿಲ್ಲ. ಅವರಿಗೆ ನಿಮ್ಮ ಬಗ್ಗೆ ಹೇಳೋಣ ಅಂತ ಬಾಯಿ ತೆರೆದೆ, ಹೇಳಲಿಲ್ಲ. ಹೇಳಿದ್ದರೆ ಮಧ್ಯಾಹ್ನದ ಬುತ್ತಿ ಬಿಚ್ಚುವವರೆಗೂ ಮುಗಿಯುತ್ತಿರಲಿಲ್ಲ.

ಎಂತಾದ್ರೂ ಉಳಿದಿದೆಯಾ ಅಂತ ಕೇಳಿದ್ದಿರಲ್ಲ. ಉಳಿದಿದೆ, ಮಾವ. ಈ ಭಾನುವಾರ ಲಗೇಜ್ ಡಬ್ಬಿಯಲ್ಲಿ ಮತ್ತೆ ಚೀಲ ತುಂಬ ಸಿಪ್ಪೆ ಒಯ್ಯುತ್ತೇನೆ. ಯಾರಾದರೂ ಇಣುಕಿ ನೋಡಿ ಎಲ್ಲಿಗೆ ಅಂತ ಕೇಳಿದರೆ ಏನು ಹೇಳಬೇಕು ಅಂತ ನನಗೆ ಗೊತ್ತು, ನಾಚಿಕೆಪಡದೆ ಹೇಳುತ್ತೇನೆ.

ನಿಮ್ಮ ಸೊಸೆ,
ಭಾರತಿ