ಹೊಟ್ಟೆಯ ಹೂಂ

ಮನೆ, ಭಾನುವಾರ ಮಧ್ಯಾಹ್ನ

ರೀ ಮಹಾರಾಯರೇ,

ಹೇಗಿದ್ದೀರಿ? ಹೊಟ್ಟೆಗೆ ಅಂಟಿಸಿದ ಚೀಲದ ಸುತ್ತ ಚರ್ಮ ಕೆಂಪಾಗಿಲ್ಲ ತಾನೆ? ಹೊತ್ತಿಗೆ ಸರಿಯಾಗಿ ಊಟ ಮಾಡುತ್ತಿದ್ದೀರಾ? ಕೇಳಿ ಏನು ಪ್ರಯೋಜನ, ನಿಮ್ಮಕ್ಕ ಫೋನಿನಲ್ಲಿ ಎಲ್ಲ ಹೇಳಿದರು. ಅವರ ಮನೆಗೆ ಯಾರಾದರೂ ಬರುತ್ತಾರೆಂದರೆ ನೀವು ಬೆಳಗಿನಿಂದ ಉಪವಾಸವಂತೆ, ಹೊಟ್ಟೆ ಸದ್ದು ಮಾಡಬಾರದಂತೆ! ಅಲ್ಲ, ನಿಮಗೆ ಎಷ್ಟು ಸಲ ಹೇಳುವುದು? ಆಸ್ಪತ್ರೆಯಿಂದ ಹೊರಡುವಾಗ ನರ್ಸಮ್ಮ ನನ್ನೆದುರಿಗೇ ಬಿಡಿಸಿ ಹೇಳಲಿಲ್ಲವೇ, "ಕರುಳಿನ ಬಾಯನ್ನ ಹೊಟ್ಟೆ ಮೇಲೆ ತಂದಿದ್ದಾರೆ, ಅದನ್ನ ಬಿಗಿ ಹಿಡಿಯೋಕೆ ನಿಮ್ಮ ಕೈಲಾಗಲ್ಲ, ಗಾಳಿ ಬಂದ್ರೆ ಸದ್ದು ಆಗೇ ಆಗುತ್ತೆ. ಹಸ್ಕೊಂಡಿದ್ರೆ ಇನ್ನೂ ಜೋರು" ಅಂತ? ಗಬಗಬ ತಿನ್ನಬೇಡಿ, ಸೋಡಾ ಕುಡಿಯಬೇಡಿ, ಸದ್ದು ಬರುವ ಹಾಗಿದ್ದರೆ ಚೀಲದ ಮೇಲೆ ಮೆಲ್ಲಗೆ ಕೈ ಒತ್ತಿಕೊಳ್ಳಿ ಎಂದೂ ಹೇಳಿದರು. ನೀವು ಗೋಣು ಆಡಿಸಿದಿರಿ. ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಟ್ಟಿರಿ.

ಇನ್ನು ಅಂಗಡಿಯ ವಿಷಯ. ಕೂದಲು ಕತ್ತರಿಸುವವರ ಹೊಟ್ಟೆ ಕುರ್ಚಿಯಲ್ಲಿ ಕೂತವರ ಕಿವಿಯ ಪಕ್ಕಕ್ಕೇ ಬರುತ್ತದೆ, ಒಪ್ಪಿದೆ. ಹಾಗಂತ ಪಕ್ಕದ ಬೀದಿಯ ಮೇಷ್ಟ್ರ ಅರ್ಧ ಗಡ್ಡ ಹೆರೆದು, ಇನ್ನರ್ಧ ನೊರೆಯಲ್ಲೇ ಬಿಟ್ಟು, ಅಕ್ಕನ ಮನೆಗೆ ಓಡುವುದಾ? ನಿನ್ನೆ ಮೇಷ್ಟ್ರು ಮನೆಗೇ ಬಂದಿದ್ದರು. ನಾನು ನಾಚಿ ನೀರಾಗಿ ನಿಂತಿದ್ದರೆ ಅವರು, "ಅಲ್ಲಮ್ಮಾ, ನಮ್ಮ ಸೊಸೆ ವಿಷಯ ಹೇಳ್ತಿದ್ದೆ, ಇವರು ಉದ್ದಕ್ಕೆ ಹೂಂ ಅಂದ್ರು. ಇಷ್ಟು ವರ್ಷದಲ್ಲಿ ನನ್ನ ಮಾತಿಗೆ ಹೂಂಗುಟ್ಟಿದ್ದು ಅದೇ ಮೊದಲು. ಆಮೇಲೆ ಯಾಕೆ ಓಡಿದ್ರು?" ಎನ್ನಬೇಕೇ! ಹೂಂ ಅಂದದ್ದು ಬಾಯಲ್ಲ, ಹೊಟ್ಟೆ ಎಂದು ನಾನು ಹೇಳಲಿಲ್ಲ. ಒಳಗೆ ಹೋಗಿ ಹೊಟ್ಟೆ ಹುಣ್ಣಾಗುವಷ್ಟು ನಕ್ಕೆ. ನಕ್ಕ ಮೇಲೆ ಸಿಟ್ಟು ಇನ್ನೂ ಏರಿತು. ಇದೊಂದಕ್ಕೆ ಕಸುಬು ಬಿಟ್ಟು, ಇನ್ನು ಅಕ್ಕನ ಮನೆಯಲ್ಲೇ ಇದ್ದುಬಿಡುತ್ತೇನೆ ಎಂದು ಹೇಳಿಕಳಿಸಿದ್ದೀರಲ್ಲ, ನಾನೇನು ಖಾಲಿ ಕುರ್ಚಿಯ ಧೂಳು ಒರೆಸುತ್ತಾ ಕೂರಲೇ?

ಅಕ್ಕನಿಗೆ ನಮಸ್ಕಾರ. ನಿಮಗೆ ಸದ್ಯಕ್ಕೆ ಬೈಗುಳ ಮಾತ್ರ.

ಇಂತಿ,
ನಿಮ್ಮನ್ನು ಕಟ್ಟಿಕೊಂಡವಳು

ಮರೆತೆ: ಇದು ನಿಮಗೆ ಗೊತ್ತಿಲ್ಲ. ಆಪರೇಷನ್ ಆದ ಮೇಲೆ ನಿಮಗೆ ಸರಿಯಾಗಿ ಎಚ್ಚರವಿರಲಿಲ್ಲ, ಹೊಟ್ಟೆ ಸದ್ದೇ ಮಾಡುತ್ತಿರಲಿಲ್ಲ. ಡಾಕ್ಟರು ಬಂದಾಗಲೆಲ್ಲ ಹೊಟ್ಟೆಗೆ ಸ್ಟೆತಾಸ್ಕೋಪು ಇಟ್ಟು ಕೇಳಿ, ಕರುಳು ಇನ್ನೂ ಕೆಲಸ ಶುರು ಮಾಡಿಲ್ಲ ಎಂದು ಹೋಗುತ್ತಿದ್ದರು. ನನ್ನ ಜೀವವೇ ಬಾಯಿಗೆ ಬಂದಿತ್ತು. ಕೊನೆಗೆ ನರ್ಸಮ್ಮ ಹೊರಗೆ ಓಡಿಬಂದು, "ಸದ್ದು ಬಂತು ಕಣ್ರೀ, ಇನ್ನು ಭಯ ಇಲ್ಲ" ಅಂದರು. ನಾನು ಅಲ್ಲೇ ಗೋಡೆಗೆ ಒರಗಿ ಅತ್ತುಬಿಟ್ಟೆ. ನೀವು ನಾಚುತ್ತಿರುವುದು ಆ ಸದ್ದಿಗೆ. ಹೊಟ್ಟೆ ತುಂಬ ಊಟ ಮಾಡಿ ಬಸ್ಸು ಹತ್ತಿ.